ಸೂಜಿಗಲ್ಲಿನ ಮೇಲೆ ತೇಲುವ ದ್ವೀಪ

ಪೂರ್ವಕಾಲದಲ್ಲಿ ಪರ್ವತಗಳಿಗೆಲ್ಲ ರೆಕ್ಕೆಗಳಿದ್ದುವೆಂದೂ, ಅವು ಮನಬಂದೆಡೆಗೆ ಹಾರಿ ಬಂದು ಕುಳಿತು ಊರುಕೇರಿಗಳನ್ನು ನೆಲಸಮ ಮಾಡುತ್ತಿದ್ದುವೆಂದೂ, ಅದನ್ನು ಸಹಿಸದೆ ಇಂದ್ರನು ವಜ್ರಾಯುಧದಿಂದ ಆ ರೆಕ್ಕೆಗಳನ್ನು ಕತ್ತರಿಸಿದನೆಂದೂ ನಾವೆಲ್ಲ ಚಿಕ್ಕಂದಿನಲ್ಲಿ ಕೇಳಿರುವೆವು. ಮೈನಾಕನೊಬ್ಬನು ಮಾತ್ರ ಸಮುದ್ರದಲ್ಲಿ ಅಡಗಿ ಪಾರಾದನಂತೆ. ಈ ಕಥೆಯನ್ನು ಕೇಳುವಾಗ ಆ ರೆಕ್ಕೆ ಎಷ್ಟು ಗಜ ಉದ್ದವಿದ್ದಿತು, ಪರ್ವತದ ತೂಕವೆಷ್ಟು ಎಂದು ಯಾರೂ ಕೇಳುವುದಿಲ್ಲ, ಕೇಳಿದರೆ ಅರಸಿಕರೆನ್ನಿಸಿಕೊಳ್ಳುವೆವು. ಕಥೆಯೇ ಅಳತೆಯನ್ನು ಕೊಡದಿರುವಾಗ ವಿಜ್ಞಾನಕ್ಕೆ ಅಲ್ಲಿ ಕೆಲಸವೂ ಇಲ್ಲ. ಆದರೆ ಅಳತೆಗೋಲನ್ನು ತಾನಾಗಿಯೇ ವಾಚಕರ ಕೈಗೆ ಕೊಟ್ಟು, ಲೆಕ್ಕ ಹಾಕಿ ನೋಡಿರೆಂದು ಕರೆಯುವಂತಿರುವ ಹಾರುವ ನೆಲವೊಂದು ಇಂಗ್ಲಿಷ್ ಸಾಹಿತ್ಯದಲ್ಲಿದೆ.

ಅದರ ಹೆಸರು ಲಪೂಟ. ೧೭೨೬ರಲ್ಲಿ ಲಂಡನ್ನಿನಲ್ಲಿ ಅಚ್ಚಾದ ಗಲಿವರನ ಪ್ರವಾಸಕಥನದ ಮೂರನೆಯ ಭಾಗದಲ್ಲಿ ಅದು ಬರುತ್ತದೆ. ಗ್ರಂಥಕರ್ತನಾದ ಜೊನಾಥನ್ ಸ್ವಿಫ್ಟನು ಐರ್ಲೆಂಡಿನ ಡಬ್ಲಿನ್ ನಗರದಲ್ಲಿ ಸೇಂಟ್ ಪ್ಯಾಟ್ರಿಕ್ ದೇವಾಲಯದ ಹಿರಿಯ ಪಾದ್ರಿಯಾಗಿದ್ದವನು. ಆರಂಗುಲದ ಜನರಿರುವ ಲಿಲಿಪುಟ್ಟನ್ನು ಶಾಲೆಯ ಮಕ್ಕಳೂ ಬಲ್ಲರು. ಲಪೂಟದವರೆಗೆ ಓದುವವರು ಕಡಮೆ. ಹಾಗಿದ್ದರೂ ಈ ದ್ವೀಪದ ಖಗೋಳಜ್ಞರ ಬಾಯಲ್ಲಿ ಸ್ವಿಫ್ಟನು ಆಡಿಸಿದ ಒಂದು ಮಾತು ಮಾತ್ರ ಪ್ರಪಂಚವನ್ನೆಲ್ಲ ಸುತ್ತಿದೆ. ಮಂಗಳ ಗ್ರಹಕ್ಕೆ ಎರಡು ಚಂದ್ರರಿರುವರೆಂಬುದೇ ಆ ಮಾತು. ಅದು ಭವಿಷ್ಯವಾಣಿಯೆಂದೂ, ಗುಪ್ತವಿದ್ಯೆಯ ಫಲವೆಂದೂ ಹೊಗಳುವವರು ಉಂಟು. ಆದುದರಿಂದ ಲಪೂಟವನ್ನು ತೂಗಿ ನೋಡುವುದು ಕೇವಲ ವಿನೋದದ ಕೆಲಸವಲ್ಲ. ದ್ವೀಪವನ್ನು ಯಾವ ತಕ್ಕಡಿಯಲ್ಲಿ ಇಡುವೆವೋ ಅದೇ ತಕ್ಕಡಿಯಲ್ಲಿ ಆ ಚಂದ್ರರನ್ನೂ ಇಡಬೇಕಾಗುತ್ತದೆ.

ಮೊದಲು ದ್ವೀಪವನ್ನು ನೋಡೋಣ. ಅದು ಸಂಪೂರ್ಣ ವೃತ್ತಾಕಾರವಾದುದು. ವ್ಯಾಸ ೭,೮೩೭ ಗಜ, ಎಂದರೆ ೭ ಕಿಲೋಮೀಟರಿಗೆ ಸ್ವಲ್ಪ ಹೆಚ್ಚು. ದಪ್ಪ ೩೦೦ ಗಜ. ವಿಸ್ತೀರ್ಣ ೧೦,೦೦೦ ಎಕರೆ. ಈ ವ್ಯಾಸದಿಂದ ವಿಸ್ತೀರ್ಣವನ್ನು ನಾವೇ ಗುಣಿಸಿ ನೋಡಿದರೆ ೯,೯೬೬ ಎಕರೆ ಬರುತ್ತದೆ. ಪಾದ್ರಿಯ ಗಣಿತದಲ್ಲಿ ಹುಳುಕಿಲ್ಲ. ಭೂಮಿಯ ವ್ಯಾಸ ಮೈಲಿಗಳಲ್ಲಿ ಸುಮಾರು ೭,೯೦೦. ದ್ವೀಪದ್ದು ಗಜಗಳಲ್ಲಿ ಅದಕ್ಕೆ ಬಹು ಹತ್ತಿರ. ಮೈಲಿಗೊಂದು ಗಜದಂತೆ ಭೂಮಿಯನ್ನೇ ಕುಗ್ಗಿಸಿ ಬರೆದಿರಬೇಕೆಂದು ಊಹಿಸಿದ ವಿದ್ವಾಂಸರೂ ಇದ್ದಾರೆ.

ದ್ವೀಪದ ತಳವು ೨೦೦ ಗಜ ದಪ್ಪದ ವಜ್ರಶಿಲೆಯ ಒಂದೇ ಹಲಗೆ. ಅದರ ಮೇಲೆ ಖನಿಜಗಳು, ಎಲ್ಲಕ್ಕೂ ಮೇಲೆ ಹತ್ತು ಹನ್ನೆರಡು ಅಡಿ ಫಲವತ್ತಾದ ಮಣ್ಣು. ನೆಲವು ಅಂಚಿನಿಂದ ನಡುವಿನ ಕಡೆಗೆ ಇಳಿಜಾರಾಗಿರುವುದರಿಂದ ಮಳೆ ಇಬ್ಬನಿಗಳ ನೀರೆಲ್ಲ ಹರಿದು ನಾಲ್ಕು ಕೆರೆಗಳಲ್ಲಿ ನಿಲ್ಲುತ್ತದೆ. ಕೆರೆ ಕೋಡಿಬೀಳುವ ಭಯವಿಲ್ಲ. ಬಿಸಿಲಿಗೆ ಬೇಕಾದಷ್ಟು ನೀರು ಆವಿಯಾಗುತ್ತದೆ, ಸಾಲದಿದ್ದರೆ ಅರಸನು ದ್ವೀಪವನ್ನೇ ಮೋಡಗಳಿಗಿಂತ ಮೇಲಕ್ಕೆ ಏರಿಸಿಬಿಡುತ್ತಾನೆ. ಇಲ್ಲಿನ ಪಂಡಿತರಿಗೆ ಗಣಿತ ಸಂಗೀತಗಳಲ್ಲದೆ ಬೇರೆ ಯಾವುದರಲ್ಲಿಯೂ ಗಮನವಿಲ್ಲ. ಒಂದು ಕಣ್ಣು ಒಳಮುಖವಾಗಿ, ಇನ್ನೊಂದು ನೆತ್ತಿಯ ಮೇಲಣ ಆಕಾಶವನ್ನು ನೋಡುತ್ತ, ಮಾತಿನ ನಡುವೆಯೇ ಮೈಮರೆಯುತ್ತಾರೆ. ಎಚ್ಚರಿಸುವುದಕ್ಕಾಗಿ ಪಕ್ಕದಲ್ಲೊಬ್ಬ ಆಳು ಕೋಲಿಗೆ ಕಟ್ಟಿದ, ಒಣ ಬಟಾಣಿ ತುಂಬಿದ ಚೀಲದಿಂದ ಅವರ ಕಿವಿಗೋ ಬಾಯಿಗೋ ಮೆಲ್ಲನೆ ತಟ್ಟುತ್ತಿರಬೇಕು. ಊಟಕ್ಕೆ ಕುರಿಯ ಮಾಂಸವನ್ನು ಸಮಬಾಹು ತ್ರಿಭುಜಾಕಾರವಾಗಿ ಕತ್ತರಿಸುತ್ತಾರೆ. ದರ್ಜಿಯು ಕೋನಮಾಪಕದಿಂದ ಗಲಿವರನ ಅಳತೆ ತೆಗೆದುಕೊಂಡು ಹೊಲಿದ ಅಂಗಿ ಮಾತ್ರ ಮೈಗೆ ಹೊಂದಲಿಲ್ಲ.

ಇಷ್ಟು ದೊಡ್ಡ ನೆಲ ಆಕಾಶದಲ್ಲಿ ನಿಲ್ಲುವ ಬಗೆ ಹೇಗೆ? ದ್ವೀಪದ ನಡುವಿನ ಗುಹೆಯಲ್ಲಿ ಮಗ್ಗದ ಲಾಳಿಯ ಆಕಾರದ ಒಂದು ಸೂಜಿಗಲ್ಲಿದೆ. ಉದ್ದ ೬ ಗಜ. ನಡುವೆ ದಪ್ಪ ೩ ಗಜ. ವಜ್ರಶಿಲೆಯ ಅಚ್ಚಿನ ಮೇಲೆ ಅದನ್ನು ಎಷ್ಟು ಸಮತೂಕವಾಗಿ ಕೂಡಿಸಿದ್ದಾರೆಂದರೆ ಅತಿ ದುರ್ಬಲನಾದವನ ಕೈಯೂ ಅದನ್ನು ತಿರುಗಿಸಬಲ್ಲದು. ಕಲ್ಲಿನ ಒಂದು ತುದಿಗೆ ಕೆಳಗಿನ ದೇಶದ ನೆಲದ ಮೇಲೆ ಆಕರ್ಷಣವಿದೆ, ಇನ್ನೊಂದಕ್ಕೆ ವಿಕರ್ಷಣ. ಸೆಳೆಯುವ ತುದಿಯನ್ನು ಕೆಳಗೆ ಮಾಡಿದರೆ ದ್ವೀಪ ಇಳಿಯುತ್ತದೆ, ದೂಡುವ ತುದಿಯನ್ನು ಕೆಳಗೆ ಮಾಡಿದರೆ ಏರುತ್ತದೆ, ಓರೆಯಾಗಿಟ್ಟರೆ ಓರೆಯಾಗಿ ಚಲಿಸುತ್ತದೆ, ನೆಲಕ್ಕೆ ಸಮಾಂತರವಾಗಿಟ್ಟರೆ ನಿಂತಲ್ಲೇ ನಿಲ್ಲುತ್ತದೆ. ಆದರೆ ನಾಲ್ಕು ಮೈಲಿಗಿಂತ ಮೇಲಕ್ಕೆ ಏರುವಂತಿಲ್ಲ, ಅರಸನ ರಾಜ್ಯದ ಎಲ್ಲೆಯನ್ನು ದಾಟುವಂತೆಯೂ ಇಲ್ಲ. ಸೂಜಿಗಲ್ಲಿಗೆ ಓಗೊಡುವ ಖನಿಜವು ಆ ರಾಜ್ಯದ ನೆಲದಡಿಯಲ್ಲಿ ಮಾತ್ರ ಉಂಟೆಂದು ಕಾರಣವನ್ನು ಹೇಳಿದೆ.

ಸೂಜಿಗಲ್ಲು ಕಟ್ಟುಕಥೆಯ ವಸ್ತುವಲ್ಲ. ಅದು ಮ್ಯಾಗ್ನಟೈಟ್ ಎಂಬ ಕಬ್ಬಿಣದ ಅದಿರಿನ ಒಂದು ವಿಶೇಷ ರೂಪ. ನಮ್ಮ ಕುದುರೆಮುಖದ ಗಣಿಯಲ್ಲಿ ೨೦೦೫ರ ಕೊನೆಯವರೆಗೆ ತೆಗೆಯುತ್ತಿದ್ದುದು ಈ ಅದಿರನ್ನೇ. ಆದರೆ ಎಲ್ಲ ಮ್ಯಾಗ್ನಟೈಟೂ ಸೂಜಿಯನ್ನು ಸೆಳೆದು ಹಿಡಿಯುವುದಿಲ್ಲ. ನೆಲದ ಮೇಲ್ಮೈಯಲ್ಲಿರುವ ತಕ್ಕ ಜಾತಿಯ ಕಲ್ಲಿಗೆ ಸಿಡಿಲು ಬಡಿದಾಗ ಹರಿಯುವ ಪ್ರಬಲ ವಿದ್ಯುತ್ಪ್ರವಾಹವೇ ಅದನ್ನು ಸ್ಥಿರವಾದ ಅಯಸ್ಕಾಂತವನ್ನಾಗಿ ಮಾಡುವುದೆಂಬುದು ಈಚಿನ ವಿಜ್ಞಾನಿಗಳಲ್ಲಿ ಬಲವಾಗಿರುವ ಅಭಿಪ್ರಾಯ. ಗುಹೆಯೊಳಗೆ ಹುದುಗಿದ್ದ ಸ್ವಿಫ್ಟನ ಕಲ್ಲಿಗೆ ಸಿಡಿಲು ಎಲ್ಲಿಂದ ಬಂತೆಂದು ಕೇಳುವುದು ಬೇಡ.

ಈಗ ತೂಕ. ವ್ಯಾಸ ಮತ್ತು ದಪ್ಪಗಳಿಂದ ದ್ವೀಪದ ಗಾತ್ರ ಸುಮಾರು ೧,೧೦೦ ಕೋಟಿ ಘನಮೀಟರು. ಸಾಮಾನ್ಯ ಶಿಲೆ ಘನಮೀಟರಿಗೆ ೨.೭ ಟನ್ನು, ವಜ್ರ ೩.೫ ಟನ್ನು, ನಡುವೆ ೩ ಟನ್ನೆಂದು ಹಿಡಿದರೆ ದ್ವೀಪದ ಒಟ್ಟು ತೂಕ ೩,೩೦೦ ಕೋಟಿ ಟನ್ನು. ಸೂಜಿಗಲ್ಲಾದರೋ ಸುಮಾರು ೮೦ ಟನ್ನು. ಎಂದರೆ ಅದು ತನ್ನ ತೂಕದ ೪೦ ಕೋಟಿ ಪಟ್ಟು ಭಾರವನ್ನು ಹೊರಬೇಕು. ನಿಜವಾದ ಸೂಜಿಗಲ್ಲುಗಳಲ್ಲಿ ಚಿಕ್ಕವು ತಮ್ಮ ತೂಕದ ಹಲವು ಪಟ್ಟು ಎತ್ತಿದರೂ ಕಲ್ಲು ದೊಡ್ಡದಾದಂತೆಲ್ಲ ತೂಕದೊಡನೆ ಹೋಲಿಸಿದ ಅದರ ಶಕ್ತಿ ಕುಗ್ಗುತ್ತ ಹೋಗುತ್ತದೆ. ಅದೂ ಕಬ್ಬಿಣವು ಮೈಗಂಟಿದ್ದಾಗಿನ ಮಾತು. ದೂರದಲ್ಲಿರುವ ಎರಡು ಅಯಸ್ಕಾಂತಗಳ ನಡುವಣ ದೂರ ಇಮ್ಮಡಿಯಾದರೆ ಬಲವು ಹದಿನಾರರಲ್ಲಿ ಒಂದು ಪಾಲಿಗೆ ಇಳಿದುಬಿಡುತ್ತದೆ. ಮೊಳೆಯೊಂದನ್ನು ಅಯಸ್ಕಾಂತದ ಬಳಿಗೆ ತಂದು ನೋಡಿದ ಯಾವ ಹುಡುಗನಿಗಾದರೂ ಇದು ಗೊತ್ತು: ಅಂಗುಲದ ದೂರದಲ್ಲಿ ಚಂಗನೆ ಹಾರಿದ ಮೊಳೆ ಗೇಣುದ್ದ ಆಚೆಗಿಟ್ಟರೆ ಮಿಸುಕುವುದಿಲ್ಲ. ಇಲ್ಲಿ ದೂರ ನಾಲ್ಕು ಮೈಲಿ.

ಇದಕ್ಕಿಂತ ದೊಡ್ಡ ತೊಡಕು ಆ ದುರ್ಬಲನ ಕೈಯಲ್ಲಿದೆ. ೩,೩೦೦ ಕೋಟಿ ಟನ್ನು ಭಾರವನ್ನು ಒಂದೇ ಒಂದು ಗಜ ಮೇಲಕ್ಕೆತ್ತಬೇಕಾದರೆ ಬೇಕಾಗುವ ಶಕ್ತಿ ಎಷ್ಟು? ೧,೦೩೫ ಮೆಗಾವಾಟ್ ಸಾಮರ್ಥ್ಯವುಳ್ಳ ಶರಾವತಿ ವಿದ್ಯುದಾಗಾರದ ಯಂತ್ರಗಳೆಲ್ಲವೂ ಪೂರ್ಣ ವೇಗದಲ್ಲಿ ಮೂರು ಹಗಲು ಮೂರು ರಾತ್ರಿಗಳಿಗೂ ಮಿಕ್ಕಿ ದುಡಿಯಬೇಕು. ನೆಲದಿಂದ ನಾಲ್ಕು ಮೈಲಿ ಏರಿಸಲು ಅರುವತ್ತು ವರ್ಷಗಳೂ ಸಾಲವು. ಶಕ್ತಿಯು ಶೂನ್ಯದಿಂದ ಹುಟ್ಟುವುದಿಲ್ಲ. ದ್ವೀಪವು ಮೇಲೇರುವುದು ಕಲ್ಲನ್ನು ತಿರುಗಿಸುವುದರಿಂದಲೇ ಆದರೆ ಅಷ್ಟೂ ಕೆಲಸವನ್ನು ತಿರುಗಿಸುವ ಕೈಯೇ ಮಾಡಬೇಕು. ಕಲ್ಲು ಹಗುರಾಗಿ ತಿರುಗುವುದು ಹೇಗೆ? ಕಲ್ಲು ಸಮತೂಕವಾಗಿದ್ದರೆ ಅದರ ಭಾರ ಕೈಗೆ ತಾಗದು ನಿಜ, ಆದರೆ ಕೆಳಗಿನ ಖನಿಜದ ಸೆಳೆತ ತಾಗದೆ ಇರುವುದಿಲ್ಲ. ಈ ತತ್ತ್ವವು ಜೌಲ್, ಮಾಯರ್, ಹೆಲ್ಮ್‌ಹೋಲ್ಟ್ಸರ ಕೈಯಲ್ಲಿ ಸ್ಪಷ್ಟವಾದುದು ೧೮೪೦ರ ದಶಕದಲ್ಲಿ. ಅದಕ್ಕೆ ನೂರು ವರ್ಷ ಮೊದಲೇ ಬರೆದ ಸ್ವಿಫ್ಟನನ್ನು ಇದಕ್ಕಾಗಿ ತಪ್ಪುಗಾರನೆನ್ನಲಾಗದು.

ಒಂದು ವಿಷಯದಲ್ಲಂತೂ ಅವನ ಜಾಣ್ಮೆಯನ್ನು ಮೆಚ್ಚಲೇಬೇಕು. ಭೂಮಿಯೇ ಒಂದು ದೊಡ್ಡ ಅಯಸ್ಕಾಂತವೆಂದು ವಿಲಿಯಂ ಗಿಲ್ಬರ್ಟನು ೧೬೦೦ರಲ್ಲಿ ತೋರಿಸಿದ್ದನು. ಹಾಗಾದರೆ ದ್ವೀಪವನ್ನು ಭೂಮಿಯ ಅಯಸ್ಕಾಂತಶಕ್ತಿಯಿಂದಲೇ ಎತ್ತಬಹುದಲ್ಲವೇ ಎಂದು ಸಾಮಾನ್ಯನಾದ ಕಥೆಗಾರನು ಎಣಿಸುತ್ತಿದ್ದನು. ಅದು ನಡೆಯದು. ರಾಬರ್ಟ್ ನಾರ್ಮನ್ ಎಂಬ ಉಪಕರಣಗಾರನು ೧೫೮೧ರಷ್ಟು ಹಿಂದೆಯೇ ಅಯಸ್ಕಾಂತವಾಗಿಸಿದ ಉಕ್ಕಿನ ತಂತಿಯನ್ನು ಬೆಂಡಿಗೆ ಚುಚ್ಚಿ, ಅದು ನೀರಿನ ಮೇಲಕ್ಕೂ ಬಾರದೆ ತಳಕ್ಕೂ ಇಳಿಯದೆ ನಡುವೆ ನಿಲ್ಲುವಂತೆ ಮಾಡಿ ನೋಡಿದ್ದನು. ತಂತಿಯು ತಿರುಗಿತು, ವಾಲಿತು. ಆದರೆ ಇದ್ದ ಎಡೆಯಿಂದ ಕದಲಲಿಲ್ಲ. ಭೂಮಿಯು ಅದರ ಒಂದು ತುದಿಯನ್ನು ಎಷ್ಟು ಸೆಳೆಯುವುದೋ ಇನ್ನೊಂದನ್ನು ಅಷ್ಟೇ ದೂಡುತ್ತದೆ. ವಸ್ತುವು ಕದಲಬೇಕಾದರೆ ಅಯಸ್ಕಾಂತಕ್ಷೇತ್ರವು ಒಂದೆಡೆ ಹೆಚ್ಚು ಇನ್ನೊಂದೆಡೆ ಕಡಮೆ ಇರಬೇಕು. ಭೂಮಿಯನ್ನು ಬಿಟ್ಟು ರಾಜ್ಯದ ನೆಲದಡಿಯಲ್ಲಿ ಬೇರೊಂದು ಖನಿಜವನ್ನು ಸ್ವಿಫ್ಟನು ಹೂಳಿಟ್ಟಿದ್ದು ಈ ಕೊರತೆಯನ್ನು ತುಂಬಿಸುತ್ತದೆ.

ಹಾಗಿದ್ದರೂ ದ್ವೀಪವು ಸ್ಥಿರವಾಗಿ ನಿಲ್ಲುವುದೇ ಎಂಬ ಪ್ರಶ್ನೆ ಉಳಿಯಿತು. ನಡುವೆ ತೂತುಳ್ಳ ಎರಡು ಬಿಲ್ಲೆಯಾಕಾರದ ಅಯಸ್ಕಾಂತಗಳನ್ನು ಸೀಸದ ಕಡ್ಡಿಗೆ ಪೋಣಿಸಿದರೆ ಮೇಲಿನದು ತೇಲುವುದನ್ನು ವಾಚಕರು ಕಂಡಿರಬಹುದು. ಕಡ್ಡಿಯನ್ನು ತೆಗೆದೊಡನೆಯೇ ತೇಲುತ್ತಿದ್ದ ಬಿಲ್ಲೆ ಪಕ್ಕಕ್ಕೆ ಜಾರಿ, ಮಗುಚಿಕೊಂಡು, ಕೆಳಗಿನದಕ್ಕೆ ಅಂಟಿಕೊಳ್ಳುತ್ತದೆ. ಇದು ಕೈಚಳಕ ಸಾಲದೆ ಆಗುವುದಲ್ಲ. ಅಚಲವಾದ ಅಯಸ್ಕಾಂತಗಳನ್ನು ಹೇಗೆ ಜೋಡಿಸಿದರೂ ಅವುಗಳ ಬಲದಿಂದಲೇ ಇನ್ನೊಂದು ಸ್ಥಿರ ಅಯಸ್ಕಾಂತವನ್ನು ಆಕಾಶದಲ್ಲಿ ಭದ್ರವಾಗಿ ನಿಲ್ಲಿಸಲಾಗದೆಂದು ೧೮೪೨ರಲ್ಲಿ ಸ್ಯಾಮ್ಯುಯೆಲ್ ಅರ್ನ್‌ಷಾ ಎಂಬ ಇಂಗ್ಲಿಷ್ ಗಣಿತಜ್ಞನ ಪ್ರಮೇಯದಿಂದ ಸಿದ್ಧವಾಗಿದೆ. ಮೇಲೆ ಕೆಳಗೆ ಅಲುಗದಂತೆ ಹಿಡಿದರೆ ಅಕ್ಕಪಕ್ಕಕ್ಕೆ ಜಾರುವುದು, ಅಕ್ಕಪಕ್ಕ ಹಿಡಿದರೆ ಮೇಲೆ ಕೆಳಗೆ ತಪ್ಪುವುದು.

ಪ್ರಮೇಯದ ಮಾತು ಅಚಲವಾದ ಅಯಸ್ಕಾಂತಗಳಿಗೆ ಸಂಬಂಧಿಸಿದುದು. ಜಾರುವುದನ್ನು ನೋಡಿ ನೋಡಿ ಕ್ಷಣಕ್ಷಣಕ್ಕೂ ತಿದ್ದುತ್ತಿದ್ದರೆ ಅದರ ಕೈಗೆ ಸಿಕ್ಕಿಬೀಳದೆ ಪಾರಾಗಬಹುದು. ಚೀನಾದ ಷಾಂಘೈ ನಗರದಲ್ಲಿ ೨೦೦೪ರಲ್ಲಿ ಸಾರ್ವಜನಿಕ ಸಂಚಾರವನ್ನು ಆರಂಭಿಸಿದ, ಚಕ್ರವೂರದೆ ತೇಲಿ ಓಡುವ ರೈಲುಗಾಡಿಯ ಗುಟ್ಟು ಇದೇ. ಹಳಿಗೂ ಗಾಡಿಗೂ ನಡುವಣ ಸೆಂಟಿಮೀಟರಿನಷ್ಟು ಸಂದನ್ನು ಉಪಕರಣಗಳು ಬಿಡುವಿಲ್ಲದೆ ಅಳೆದು ವಿದ್ಯುತ್ಪ್ರವಾಹವನ್ನು ಹೆಚ್ಚುಕಡಮೆ ಮಾಡುತ್ತಿರುತ್ತವೆ. ಲಪೂಟದ ಗುಹೆಯಲ್ಲಿಯೂ ಅರಸನು ಕಲ್ಲನ್ನು ತಿರುಗಿಸುತ್ತಿರಲು ಖಗೋಳಜ್ಞರನ್ನು ನೇಮಿಸಿದ್ದನಷ್ಟೆ. ಆ ಮೈಮರೆಯುವ ಪಂಡಿತರು ಕಿವಿಗೆ ಬಟಾಣಿ ಚೀಲದ ಏಟು ಬೀಳುವವರೆಗೆ ಕಾಯದೆ ದ್ವೀಪವನ್ನು ತಿದ್ದುತ್ತಿದ್ದರೆಂದು ನಂಬುವುದು ಮಾತ್ರ ಕಷ್ಟ.

ತಿದ್ದುವವರಿಲ್ಲದೆ ತೇಲುವುದಕ್ಕೂ ಒಂದು ದಾರಿಯಿದೆ. ನೀರು, ಬಿಸ್ಮತ್ ಮುಂತಾದ ಎಷ್ಟೋ ವಸ್ತುಗಳನ್ನು ಅಯಸ್ಕಾಂತದ ಯಾವ ತುದಿಯೇ ಆಗಲಿ ಬಹು ನವಿರಾಗಿ ದೂರಕ್ಕೆ ತಳ್ಳುತ್ತದೆಂದು ಫ್ಯಾರಡೆಯು ೧೮೪೫ರಲ್ಲಿ ಕಂಡನು. ಅರ್ನ್‌ಷಾನ ಪ್ರಮೇಯ ಇವುಗಳಿಗೆ ಅನ್ವಯಿಸುವುದಿಲ್ಲ. ೧೯೯೭ರಲ್ಲಿ ಹಾಲೆಂಡಿನ ನೈಮೇಖನ್ ನಗರದಲ್ಲಿ ಆಂದ್ರೆ ಗೈಮ್ ಮತ್ತು ಅವರ ಸಂಗಡಿಗರು ಭೂಮಿಯ ಅಯಸ್ಕಾಂತಕ್ಷೇತ್ರಕ್ಕಿಂತ ಮೂರು ಲಕ್ಷ ಪಟ್ಟು ಪ್ರಬಲವಾದ ಕ್ಷೇತ್ರದಲ್ಲಿ ಒಂದು ಜೀವಂತ ಕಪ್ಪೆಯನ್ನು ಗಾಳಿಯಲ್ಲಿ ತೇಲಿಸಿ ತೋರಿಸಿದರು. ಆ ಕೆಲಸಕ್ಕೆ ೨೦೦೦ದಲ್ಲಿ ಗೈಮರಿಗೂ ಮೈಕೇಲ್ ಬೆರಿಯವರಿಗೂ ಜನರನ್ನು ನಗಿಸುವ ಸಂಶೋಧನೆಗೆಂದೇ ಇರುವ ವಿನೋದದ ಬಹುಮಾನ ಬಂತು. ಅದೇ ಗೈಮರು ಬೇರೊಂದು ಸಂಶೋಧನೆಗಾಗಿ ೨೦೧೦ರಲ್ಲಿ ನೊಬೆಲ್ ಪಾರಿತೋಷಕವನ್ನೂ ಪಡೆದರು. ವಜ್ರವೂ ಕಪ್ಪೆಯಂತೆಯೇ ಈ ವರ್ಗಕ್ಕೆ ಸೇರಿದ ವಸ್ತು ಎಂಬುದನ್ನು ಕೇಳಿದ್ದರೆ ಸ್ವಿಫ್ಟನಿಗೆ ಸಂತೋಷವಾಗುತ್ತಿದ್ದಿತು. ಆದರೆ ತೇಲಿದ್ದು ಅಂಗೈಯಲ್ಲಿ ಹಿಡಿಸುವ ಕಪ್ಪೆ. ಏಳು ಕಿಲೋಮೀಟರ್ ಅಗಲದ ವಜ್ರದ ಹಲಗೆಗೆ ಅಂತಹ ಕ್ಷೇತ್ರವನ್ನು ಒದಗಿಸುವ ಮಾತು ಹಗಲುಗನಸು.

ಇಷ್ಟಾದರೂ ಲಪೂಟದ ಕಥೆಯಲ್ಲಿ ನಮಗೆ ಬಹಳ ಹಿಡಿಸಿದ ಒಬ್ಬ ವಿಜ್ಞಾನಿ ಇದ್ದಾನೆ. ಅವನು ಪಂಡಿತನಲ್ಲ, ಮುದಿಯಾದ ಒಬ್ಬ ಅಧಿಕಾರಿ. ಕೆಳಗಿನ ಪ್ರಜೆಗಳು ದಂಗೆಯೆದ್ದರೆ ಅರಸನು ಅವರ ಊರಿನ ಮೇಲೆ ದ್ವೀಪವನ್ನು ನಿಲ್ಲಿಸಿ ಬಿಸಿಲು ಮಳೆಗಳನ್ನು ತಪ್ಪಿಸುತ್ತಾನೆ, ಕಲ್ಲುಗಳನ್ನು ಉರುಳಿಸುತ್ತಾನೆ, ಕೊನೆಗೆ ದ್ವೀಪವನ್ನೇ ಅವರ ತಲೆಯ ಮೇಲೆ ಇಳಿಸುವೆನೆಂದು ಹೆದರಿಸುತ್ತಾನೆ. ಲಿಂಡಲೀನೋ ಎಂಬ ಊರಿನವರು ಇದಕ್ಕೆ ಅಂಜದೆ ನಾಲ್ಕು ಎತ್ತರದ ಗೋಪುರಗಳನ್ನು ಕಟ್ಟಿ, ಪ್ರತಿಯೊಂದರ ತುದಿಯಲ್ಲಿಯೂ ದೊಡ್ಡ ಸೂಜಿಗಲ್ಲನ್ನು ಇಟ್ಟರು. ದ್ವೀಪವು ಇಳಿಯತೊಡಗಿದಾಗ ಅದರ ವೇಗ ಎಂದಿಗಿಂತ ಹೆಚ್ಚಾಗಿರುವುದು ಕಂಡುಬಂತು. ಆಗ ಆ ಮುದುಕನು ಅರಸನ ಅಪ್ಪಣೆ ಪಡೆದು, ನೂರು ಗಜದ ಹಗ್ಗಕ್ಕೆ ದ್ವೀಪದ ತಳದಂತಹದೇ ಕಬ್ಬಿಣ ಬೆರೆತ ವಜ್ರಶಿಲೆಯ ಚೂರನ್ನು ಕಟ್ಟಿ ಗೋಪುರದ ಕಡೆಗೆ ಮೆಲ್ಲನೆ ಇಳಿಬಿಟ್ಟನು. ನಾಲ್ಕು ಗಜ ಇಳಿಯುವಷ್ಟರಲ್ಲಿ ಹಗ್ಗವನ್ನು ಹಿಂದಕ್ಕೆ ಎಳೆಯಲಾರದಷ್ಟು ಸೆಳೆತ ಕೈಗೆ ತಾಗಿತು. ಇನ್ನೂ ಕೆಲವು ಚೂರುಗಳನ್ನು ಎಸೆದು ನೋಡಿ, ಅವೆಲ್ಲವೂ ಗೋಪುರಕ್ಕೇ ಹಾರಿದುದನ್ನು ಖಚಿತಪಡಿಸಿಕೊಂಡನು. ಅರಸನು ಪ್ರಜೆಗಳ ಬೇಡಿಕೆಗೆ ಒಪ್ಪಬೇಕಾಯಿತು. ಗ್ರಹಗತಿಯನ್ನು ಗುಣಿಸುತ್ತಿದ್ದ ಪಂಡಿತರಲ್ಲಿ ಒಬ್ಬನಿಗೂ ಹಗ್ಗ ಕಟ್ಟಿ ನೋಡುವ ಬುದ್ಧಿ ಹೊಳೆಯಲಿಲ್ಲ. ಇಂಗ್ಲೆಂಡಿನ ಸರ್ಕಾರಕ್ಕೆ ಎದುರು ನಿಂತ ಡಬ್ಲಿನ್ ನಗರವೇ ಈ ಲಿಂಡಲೀನೋ ಎಂಬುದು ಬಲ್ಲವರ ಮಾತು. ಕಥೆಯ ಈ ಭಾಗ ೧೮೯೯ರವರೆಗೆ ಅಚ್ಚಿನಲ್ಲಿ ಬರಲೇ ಇಲ್ಲ.

ಇನ್ನು ಮಂಗಳನ ಚಂದ್ರರು. ಮೂರಡಿಯನ್ನು ಮೀರದ ದೂರದರ್ಶಕಗಳಿಂದ ಲಪೂಟದವರು ಹತ್ತು ಸಾವಿರ ನಕ್ಷತ್ರಗಳನ್ನೂ ತೊಂಬತ್ತಮೂರು ಧೂಮಕೇತುಗಳನ್ನೂ ಪಟ್ಟಿಮಾಡಿದ್ದರಂತೆ. ಮಂಗಳನಿಗೆ ಎರಡು ಉಪಗ್ರಹಗಳಿರುವುದನ್ನೂ ಕಂಡಿದ್ದರಂತೆ. ಒಳಗಿನದು ಗ್ರಹದ ಕೇಂದ್ರದಿಂದ ಅದರ ವ್ಯಾಸದ ಮೂರರಷ್ಟು ದೂರದಲ್ಲಿದ್ದು ೧೦ ಗಂಟೆಗೊಮ್ಮೆ ಸುತ್ತುವುದು. ಹೊರಗಿನದು ಐದರಷ್ಟು ದೂರದಲ್ಲಿದ್ದು ೨೧½ ಗಂಟೆಗೊಮ್ಮೆ. ನಿಜವಾಗಿಯೂ ಮಂಗಳನಿಗೆ ಎರಡು ಉಪಗ್ರಹಗಳೇ ಇವೆ. ಅಮೆರಿಕದ ವಾಷಿಂಗ್‌ಟನ್ನಿನಲ್ಲಿ ೨೬ ಅಂಗುಲದ ದೂರದರ್ಶಕದಿಂದ ಏಸಫ್ ಹಾಲನು ಅವುಗಳನ್ನು ಕಂಡುಹಿಡಿದದ್ದು ೧೮೭೭ರ ಆಗಸ್ಟಿನಲ್ಲಿ, ಕಥೆ ಅಚ್ಚಾಗಿ ನೂರೈವತ್ತು ವರ್ಷಗಳ ಮೇಲೆ. ಇದನ್ನು ಕೇಳಿದವರು ಬೆರಗಾಗುವುದು ಸಹಜವೇ.

ಸ್ವಿಫ್ಟನ ಅಂಕಿಗಳು ಮೊದಲನೆಯ ಪರೀಕ್ಷೆಯಲ್ಲಿ ಸೊಗಸಾಗಿ ತೇರ್ಗಡೆಯಾಗುತ್ತವೆ. ಪರಿಭ್ರಮಣಕಾಲಗಳ ವರ್ಗಗಳು ದೂರಗಳ ಘನಗಳ ಪ್ರಮಾಣದಲ್ಲಿರಬೇಕೆಂಬುದು ಕೆಪ್ಲರನ ನಿಯಮ. ಮೂರರ ಘನ ೨೭, ಐದರದು ೧೨೫, ಪ್ರಮಾಣ ೪.೬೩. ಹತ್ತರ ವರ್ಗ ೧೦೦, ೨೧½ರ ವರ್ಗ ೪೬೨¼, ಪ್ರಮಾಣ ೪.೬೨. ಆದರೆ ಈ ನಿಯಮವು ಎರಡು ಚಂದ್ರರನ್ನು ಒಂದರೊಡನೊಂದು ಹೋಲಿಸಿ ನೋಡುವುದೇ ಹೊರತು ಅವು ಆಕಾಶದಲ್ಲಿ ಇವೆಯೇ ಎಂದು ನೋಡುವುದಿಲ್ಲ. ಮೊದಲ ಮೂರು ಅಂಕಿಗಳನ್ನು ಮನಸ್ಸಿಗೆ ತೋರಿದಂತೆ ಆರಿಸಿಕೊಂಡು ನಾಲ್ಕನೆಯದನ್ನು ಗುಣಿಸಿ ಬರೆದರೂ ಅದು ಒಪ್ಪುತ್ತದೆ.

ಎರಡನೆಯ ಪರೀಕ್ಷೆ ಮಂಗಳನದೇ. ಇಷ್ಟು ದೂರದಲ್ಲಿರುವ ಚಂದ್ರನು ೧೦ ಗಂಟೆಯಲ್ಲಿ ಒಂದು ಸುತ್ತು ಬರಬೇಕಾದರೆ ಗ್ರಹದ ದ್ರವ್ಯರಾಶಿಯು ಈಗಿರುವುದರ ಆರು ಪಟ್ಟು ಇರಬೇಕು. ಆಗ ಮಂಗಳನ ಸಾಂದ್ರತೆ ನೀರಿನ ೩.೯ರಷ್ಟಲ್ಲ, ಸುಮಾರು ೨೩.೬ರಷ್ಟಾಗುತ್ತದೆ. ಲೋಹಗಳಲ್ಲೆಲ್ಲ ಅತ್ಯಂತ ಸಾಂದ್ರವಾದ ಆಸ್ಮಿಯಮ್ಮಿನದೇ ೨೨.೬. ಸ್ವಿಫ್ಟನ ಮಂಗಳವನ್ನು ಎರಕ ಹೊಯ್ಯಲು ತಕ್ಕ ಲೋಹವೇ ಇಲ್ಲ! ನಿಜವಾದ ಚಂದ್ರರ ವಿಷಯವಾದರೋ, ಫೋಬಾಸ್ ೯,೩೭೬ ಕಿಲೋಮೀಟರ್, ಎಂದರೆ ೧.೪ ವ್ಯಾಸದಷ್ಟು ದೂರದಲ್ಲಿದ್ದು ೭ ಗಂಟೆ ೩೯ ನಿಮಿಷಗಳಲ್ಲಿಯೂ, ಡೀಮಾಸ್ ೩.೫ ವ್ಯಾಸದಷ್ಟು ದೂರದಲ್ಲಿದ್ದು ೩೦ ಗಂಟೆ ೧೮ ನಿಮಿಷಗಳಲ್ಲಿಯೂ ಸುತ್ತುತ್ತವೆ. ನಾಲ್ಕು ಅಂಕಿಗಳಲ್ಲಿ ಒಂದೂ ಕೂಡಲಿಲ್ಲ.

ಎರಡು ಎಂಬ ಸಂಖ್ಯೆ ಮಾತ್ರ ಕೂಡಿತು. ಅದರ ಮೂಲವೂ ತಿಳಿಯದ ವಿಷಯವಲ್ಲ. ೧೬೧೦ರಲ್ಲಿ ಗೆಲಿಲಿಯೋ ಶನಿಯ ಬಗ್ಗೆ ತಾನು ಕಂಡ ಹೊಸತನ್ನು ಅಕ್ಷರಗಳನ್ನು ಕಲಸಿ ಒಗಟಾಗಿ ಬರೆದು ಕಳುಹಿಸಿದನು. ಕೆಪ್ಲರನು ಆ ಅಕ್ಷರಗಳನ್ನು ಬೇರೆ ರೀತಿಯಲ್ಲಿ ಜೋಡಿಸಿ, ಮಂಗಳನಿಗೆ ಇಬ್ಬರು ಸಂಗಡಿಗರಿರುವರೆಂದು ಓದಿಕೊಂಡನು. ಭೂಮಿಗೆ ಒಂದು, ಗುರುವಿಗೆ ಆಗ ಕಂಡಿದ್ದುವು ನಾಲ್ಕು. ನಡುವಣ ಮಂಗಳನಿಗೆ ಎರಡಿದ್ದರೆ ಶ್ರೇಢಿ ಚೆನ್ನಾಗಿ ಒಪ್ಪುತ್ತದೆಂಬ ಆಸೆ ಅವನಿಗೆ ಮೊದಲೇ ಇದ್ದಿತು. ಇಂದು ಗುರುವಿನ ಉಪಗ್ರಹಗಳು ನೂರರ ಹತ್ತಿರಕ್ಕೆ ಏರಿರುವುದರಿಂದ ಶ್ರೇಢಿಯ ಮಾತನ್ನು ಯಾರೂ ಎತ್ತುವುದಿಲ್ಲ. ಆ ಕಾಲದಲ್ಲಿ ಮಾತ್ರ ಈ ಊಹೆ ಗಾಳಿಯಲ್ಲಿ ತೇಲುತ್ತಿದ್ದಿತು. ೧೭೫೨ರಲ್ಲಿ ವಾಲ್ಟೇರನೂ ತನ್ನ ಕಥೆಯೊಂದರಲ್ಲಿ, ಸೂರ್ಯನಿಂದ ಅಷ್ಟು ದೂರವಿರುವ ಗ್ರಹಕ್ಕೆ ಎರಡು ಚಂದ್ರರಾದರೂ ಬೇಡವೇ ಎಂಬ ನ್ಯಾಯವನ್ನು ಹೂಡಿ ಮಂಗಳನಿಗೆ ಎರಡನ್ನು ದಯಪಾಲಿಸಿದನು. ತಪ್ಪಾಗಿ ಓದಿದ ಒಗಟಿನ ಉತ್ತರ ಸರಿಯಾದದ್ದು ಆಕಸ್ಮಿಕ. ಹಳೆಯ ಗ್ರಂಥದ ಒಂದು ಮಾತು ಇಂದಿನ ಸಂಶೋಧನೆಗೆ ಹೊಂದಿದೊಡನೆ ಹಿಗ್ಗುವ ನಮ್ಮವರು, ಹೊಂದದೆ ಉಳಿದ ಪಕ್ಕದ ಮಾತುಗಳನ್ನೂ ಎಣಿಸುವುದು ಒಳ್ಳೆಯದು.

ಕಲ್ಪನೆಯ ಗೀಳು ಹಾಲನ ಶೋಧಕ್ಕೇ ಮುಗಿಯಲಿಲ್ಲ. ೧೯೫೦ರ ದಶಕದ ಕೊನೆಯಲ್ಲಿ ರಷ್ಯದ ಖಗೋಳಜ್ಞ ಷ್ಕ್ಲೋವ್‌ಸ್ಕಿಯವರು, ಫೋಬಾಸ್ ಮಂಗಳನ ಕಡೆಗೆ ಇಳಿಯುತ್ತಿರುವಂತೆ ಕಂಡ ವೇಗವನ್ನು ನೋಡಿ, ಅದು ಒಳಗೆ ಟೊಳ್ಳಾದ, ಯಾರೋ ನಿರ್ಮಿಸಿದ ಗೋಳವಾಗಿರಬಹುದೇ ಎಂದು ಕೇಳಿದರು. ೧೯೭೧ರಲ್ಲಿ ಮಂಗಳನನ್ನು ತಲಪಿದ ಮ್ಯಾರಿನರ್ ೯ ನೌಕೆಯ ಚಿತ್ರಗಳಲ್ಲಿ ಕಂಡದ್ದು ಉಲ್ಕೆಗಳ ಏಟಿನಿಂದ ಕುಳಿಬಿದ್ದ, ಆಲೂಗೆಡ್ಡೆಯಾಕಾರದ ಬಂಡೆ. ಉದ್ದ ೨೭ ಕಿಲೋಮೀಟರ್; ಲಪೂಟದ ನಾಲ್ಕು ಪಟ್ಟಿಗೂ ಕಡಮೆ. ಅದರ ಕುಳಿಗಳಿಗೂ ಬಯಲುಗಳಿಗೂ ಖಗೋಳಜ್ಞರು ಗಲಿವರನ 

ಕಥೆಯಿಂದಲೇ ಹೆಸರುಗಳನ್ನು ಆರಿಸಿಟ್ಟಿದ್ದಾರೆ. ಲಪೂಟ ಎಂಬ ಪ್ರದೇಶವೂ ಅಲ್ಲಿದೆ. ಡೀಮಾಸಿನ ಎರಡು ಕುಳಿಗಳಿಗೆ ಸ್ವಿಫ್ಟ್ ಮತ್ತು ವಾಲ್ಟೇರರ ಹೆಸರುಗಳು ಸಂದಿವೆ. ಫೋಬಾಸ್ ಇಳಿಯುತ್ತಿರುವುದು ಮಾತ್ರ ನಿಜ. ಅದಕ್ಕೆ ಕಾರಣ ಟೊಳ್ಳಲ್ಲ. ಗ್ರಹವು ತನ್ನ ಅಕ್ಷದ ಮೇಲೆ ತಿರುಗುವುದಕ್ಕಿಂತ ಬೇಗನೆ ಸುತ್ತುವ ಚಂದ್ರನನ್ನು ಗ್ರಹದ ಮೈಯುಬ್ಬರವು ಹಿಂದಕ್ಕೆ ಜಗ್ಗುತ್ತದೆ. ನೂರು ವರ್ಷಕ್ಕೆ ಸುಮಾರು ೧.೮ ಮೀಟರಿನಂತೆ ಇಳಿಯುತ್ತ, ಇನ್ನು ಮೂರರಿಂದ ಐದು ಕೋಟಿ ವರ್ಷಗಳಲ್ಲಿ ಅದು ಮಂಗಳನಿಗೆ ಅಪ್ಪಳಿಸುವುದು, ಇಲ್ಲವೆ ಅದಕ್ಕೆ ಮೊದಲೇ ನುಚ್ಚುನೂರಾಗಿ ಗ್ರಹದ ಸುತ್ತ ಬಳೆಯಂತೆ ಹರಡಿಕೊಳ್ಳುವುದು.